ಕರಡಕ್ಕ
ಶಾಸನಸಭೆಯ ದಾಖಲೆ ಕೋಣೆಯ ಗುಮಾಸ್ತೆಯನ್ನು ಎಲ್ಲರೂ ಕರಡಕ್ಕ ಎಂದೇ ಕರೆಯುತ್ತಿದ್ದರು. ಧರ್ಮಸ್ವಾತಂತ್ರ್ಯ ಕಾಯ್ದೆಯ ಏಳು ಕರಡುಗಳೂ ಅವಳಿಗೆ ಬಾಯಿಪಾಠ. ಮಂತ್ರಿಗಳೇ ತಪ್ಪು ಹೇಳಿದರೂ, "ಆ ಪದ ಮೂರನೇ ಕರಡಲ್ಲಿ ಬಂತು ಸ್ವಾಮಿ, ಐದರಲ್ಲಿ ಹೋಯ್ತು," ಎಂದು ಮುಖಕ್ಕೇ ತಿದ್ದುವಳು. ಕಡತದ ಹತ್ತಿರ ಕಾಫಿ ಲೋಟ ಕಂಡರಂತೂ ಕೆಂಡಾಮಂಡಲ. ಒಮ್ಮೆ ಹೊಸ ವಕೀಲೆಯೊಬ್ಬಳು, ಸತ್ತವರನ್ನು ಅವರ ನಂಬಿಕೆಯಂತೆ ಮಣ್ಣು ಮಾಡುವ ಹಕ್ಕು ಕಾಯ್ದೆಗೆ ಹೇಗೆ ಸೇರಿತೆಂದು ಕೇಳಿದಳು. ಕರಡಕ್ಕ ಹುಡುಕದೆಯೇ ಹಳೆಯ ಅರ್ಜಿಯೊಂದನ್ನು ತೆಗೆದುಕೊಟ್ಟಳು. ನಂಬಿಕೆ ಬದಲಿಸಿದ ತಾಯಿಯೊಬ್ಬಳ ಹೆಣವನ್ನು ಊರಿನವರು ಸ್ಮಶಾನದ ಬಾಗಿಲಲ್ಲಿ ಎರಡು ದಿನ ತಡೆದ ವಿಷಯ ಅದರಲ್ಲಿತ್ತು. "ಇಲ್ಲಿನ ರಿಜಿಸ್ಟರಲ್ಲೂ ಇದೇ ಸಹಿ ಇದೆ, ನಿಮ್ಮದಲ್ವಾ ಅಕ್ಕಾ?" ಎಂದಳು ವಕೀಲೆ. "ಹೌದಮ್ಮ. ಅಮ್ಮನ್ನ ಕೊನೆಗೆ ಹಿತ್ತಲಲ್ಲೇ ಮಣ್ಣು ಮಾಡಿದ್ವಿ. ಕಾಯ್ದೆ ಬಂದದ್ದು ಹದಿನಾಲ್ಕು ವರ್ಷ ಆದ್ಮೇಲೆ. ಇಸವಿ ಸರಿಯಾಗಿ ಬರ್ಕೋ."