ಬಹಿಷ್ಕಾರ ಎಂಬ ನನ್ನ ಪಾಠ

ನನಗೆ ಮೂಗಿನ ತುದಿಯಲ್ಲೇ ಸಿಟ್ಟು. ಬೀದರ ಪಕ್ಕದ ನೌಬಾದದ ನಮ್ಮ ಮನೆಯಲ್ಲಿ ಕನ್ನಡದಲ್ಲಿ ಶುರುವಾದ ಜಗಳವನ್ನು ಮರಾಠಿಯಲ್ಲಿ ಮುಗಿಸುವವಳು ನಾನೇ.

ಔರಾದ ತಾಲೂಕಿನ ಒಂದು ಹಳ್ಳಿಯ ಹೈಸ್ಕೂಲಿನಲ್ಲಿ ಹನ್ನೆರಡು ವರ್ಷ ಇತಿಹಾಸ ಕಲಿಸಿದೆ. ಊರಿನ ಹೆಸರು ಬೇಡ. ದಕ್ಷಿಣ ಆಫ್ರಿಕಾದ ಪಾಠ ಬಂದಾಗಲೆಲ್ಲ ಪುಸ್ತಕ ಮುಚ್ಚಿಟ್ಟು ರಗ್ಬಿಯ ಕತೆ ಹೇಳುತ್ತಿದ್ದೆ. ಕರಿಯರನ್ನು ದೂರ ಇಟ್ಟಿದ್ದ ಆ ದೇಶದ ತಂಡ ನ್ಯೂಜಿಲೆಂಡಿಗೆ ಆಡಲು ಹೋದಾಗ ಅಲ್ಲಿನ ಜನ ಬೀದಿಗಿಳಿದರು, ಬೇಲಿ ಕಿತ್ತು ಮೈದಾನಕ್ಕೆ ನುಗ್ಗಿ ಒಂದು ಪಂದ್ಯವನ್ನೇ ನಿಲ್ಲಿಸಿದರು. ರಗ್ಬಿಯನ್ನು ನಾನೂ ಕಂಡವಳಲ್ಲ. ಆದರೂ ಹಲಗೆಯ ಮೇಲೆ ದೊಡ್ಡದಾಗಿ ‘ಬಹಿಷ್ಕಾರ’ ಎಂದು ಬರೆದು, ಇದು ಬಡವರ ಆಯುಧ ಎನ್ನುತ್ತಿದ್ದೆ. ಊರಾಚೆಯ ದಲಿತ ಕೇರಿಯ ಮಕ್ಕಳು ತಲೆ ತಗ್ಗಿಸಿ ಕೂತಿರುತ್ತಿದ್ದರು. ಪಾಠ ತಲೆಗೆ ಹತ್ತುತ್ತಿಲ್ಲ ಅಂದುಕೊಂಡು ಬೈಯುತ್ತಿದ್ದೆ.

ಕೆಲವು ವರ್ಷಗಳ ಹಿಂದೆ ಗಡಿಯಾಚೆಯ ಮಹಾರಾಷ್ಟ್ರದಿಂದ ಒಂದು ಕಬಡ್ಡಿ ತಂಡ ಬಂತು. ನಮ್ಮ ಶಾಲೆಯ ಹಳ್ಳಿಯ ತಂಡದೊಂದಿಗೆ ಮೂರು ಪಂದ್ಯ: ಮೊದಲು ಆ ಹಳ್ಳಿಯಲ್ಲೇ, ಆಮೇಲೆ ಭಾಲ್ಕಿ, ಕೊನೆಗೆ ಬೀದರ. ನಮ್ಮ ತಂಡದಲ್ಲಿ ರೇಡಿಗೆ ಹೋದರೆ ಬರಿಗೈಯಲ್ಲಿ ಬಾರದವನು ಒಬ್ಬನೇ, ಕೇರಿಯವನು, ನನ್ನ ಹಳೆಯ ವಿದ್ಯಾರ್ಥಿ. ಮೂರೂ ಪಂದ್ಯಗಳಿಂದ ಅವನ ಹೆಸರನ್ನೇ ಹೊಡೆದುಹಾಕಿದರು. ಕಾರಣ ಊಟ. ಪಂದ್ಯ ಮುಗಿದ ಮೇಲೆ ಎರಡೂ ತಂಡದವರು ಗೌಡರ ಪಡಸಾಲೆಯಲ್ಲಿ ಒಂದೇ ಪಂಕ್ತಿಯಲ್ಲಿ ಉಣ್ಣುವುದು ಅಲ್ಲಿಯ ರೂಢಿ. ಊರೊಳಗಿನ ಪಂದ್ಯವಾದರೆ ಅವನು ಆಡಿ, ಸುಮ್ಮನೆ ಮನೆಗೆ ಹೋಗಿ ಉಣ್ಣುತ್ತಿದ್ದ. ಈಗ ಬಂದ ಅತಿಥಿಗಳು ‘ಅವನೆಲ್ಲಿ’ ಎಂದು ಕೇಳಿಬಿಟ್ಟರೆ? ಅದಕ್ಕೆ ಆಡಿಸುವುದೇ ಬೇಡ. ಆಟದಲ್ಲಿ ಅವನ ಸೊಂಟ ಹಿಡಿದು ಕೆಡವಬಹುದು, ಪಕ್ಕದಲ್ಲಿ ಕೂತು ಉಣ್ಣಬಾರದು. ಎಲಾ ಇವರ!

ಅವನು ನನ್ನ ಹತ್ತಿರ ಬಂದು ಮೆಲ್ಲಗೆ ಹೇಳಿದ:

“ಭಾಲ್ಕಿ ಮ್ಯಾಚ್ ನೋಡ್ಲಿಕ್ಕ ಕ್ರೀಡಾ ಕೋಟಾದ ಸಾಹೇಬರು ಬರ್ತಾರಂತರಿ ಅಕ್ಕೋರ. ಈ ವರ್ಷ ದಾಟಿದ್ರ ನೌಕರಿಗಿ ನನ್ನ ವಯಸ್ಸು ಮೀರ್ತದ. ಊಟ ನನಗ ಬ್ಯಾಡ್ರಿ. ಗೌಡ್ರಿಗಿ ಒಂದ್ ಮಾತ ಹೇಳ್ರಿ, ಸಾಕು.”

ಅಷ್ಟೇ ಅವನು ಕೇಳಿದ್ದು. ನಾನು ಕೇಳಿಸಿಕೊಳ್ಳಬೇಕಲ್ಲ! ಅವರ ಮುಂದೆ ಬೇಡುವುದೇಕೆ, ಹೋರಾಡೋಣ ಎಂದೆ.

ಪಂದ್ಯದ ದಿನ ಮೈದಾನದ ಬಾಗಿಲಲ್ಲಿ ನಾವು ಆರು ಜನ ನಿಂತೆವು. ನಾನು, ಅವನು, ಅವನ ತಾಯಿ, ಕೇರಿಯ ಇನ್ನು ಮೂವರು. ಟಿವಿ ಬಂದಿದ್ದ ರಟ್ಟಿನ ಡಬ್ಬಿ ಕತ್ತರಿಸಿ ನನ್ನ ಕೈಯಾರೆ ಬರೆದಿದ್ದೆ: ‘ಈ ಪಂದ್ಯಕ್ಕೆ ಬಹಿಷ್ಕಾರ’. ಓದಲು ಬಾರದ ತಾಯಿ, ಏನು ಬರೆದೀರಿ ಎಂದು ಕೇಳಿದಳು. ಓದಿ ಹೇಳಿದೆ. ಆಕೆ ತಕ್ಷಣ ರಟ್ಟನ್ನು ಎದೆಯ ಕಡೆ ತಿರುಗಿಸಿಕೊಂಡಳು.

“ಬ್ಯಾಡ್ರಿ ಅಕ್ಕೋರ. ಅದು ನಮ್ಮ ಮ್ಯಾಲ ಹಾಕೋದರಿ. ನಾವು ಹಾಕೋದಲ್ಲ.”

ಅಲ್ಲೂ ನಾನು ನ್ಯೂಜಿಲೆಂಡ್ ಹೇಳಿದೆ. ಆಕೆಯ ಕೈಯಿಂದ ರಟ್ಟನ್ನು ಮತ್ತೆ ಜನರ ಕಡೆ ತಿರುಗಿಸಿದವಳೂ ನಾನೇ. ಯಾರೂ ನಮ್ಮನ್ನು ಹೊಡೆಯಲಿಲ್ಲ, ಬೈಯಲೂ ಇಲ್ಲ. ದಾರಿಯಲ್ಲಿ ನಿಂತ ಎತ್ತಿನ ಬಂಡಿಯನ್ನು ಬಳಸಿಕೊಂಡು ಹೋಗುವಂತೆ ಜನ ಒಳಗೆ ಹೋದರು. ಒಬ್ಬ ಹಿರಿಯ ಮಾತ್ರ ನಿಂತು ಓದಿ ನಕ್ಕ. ಛಲೋ ಆತು, ಹಾಂಗಾದ್ರ ನಾವೂ ಹಾಕ್ತೇವ್ರಿ ಎಂದು ಹೇಳಿ ಒಳಗೆ ಹೋದ.

ಮರುದಿನ ಹಿಟ್ಟಿನ ಗಿರಣಿಯಲ್ಲಿ ಕೇರಿಯ ಜೋಳ ಬೀಸಲಿಲ್ಲ. ಅಂಗಡಿಯವನಿಗೆ ಅವರ ಮಾತೇ ಕೇಳಿಸಲಿಲ್ಲ. ಕುರಿ ಕಾಯಲು, ಕಳೆ ಕೀಳಲು ಯಾರೂ ಕರೆಯಲಿಲ್ಲ. ಅಧಿಕಾರಿಗಳು ಜೀಪಿನಲ್ಲಿ ಬಂದು ವಿಚಾರಿಸಿದಾಗ ಊರೆಲ್ಲ ಒಂದೇ ಬಾಯಿಂದ, ಎಲ್ಲಾ ಬರೋಬ್ಬರಿ ಅದರಿ ಸಾಬ್ ಎಂದಿತು. ಕೇರಿಯವರು ಜೋಳದ ಚೀಲ ಹೊತ್ತು ಬಸ್ಸಿನಲ್ಲಿ ಸಂತಪುರಕ್ಕೆ ಹೋಗಿ ಬೀಸಿಸಿಕೊಂಡು ಬರುತ್ತಿದ್ದರು. ನಾನು ಕಂಡಕಂಡವರಿಗೆ ಅರ್ಜಿ ಬರೆದೆ. ಅದರ ಫಲವಾಗಿ ನನಗೆ ಬೀದರಿಗೆ ವರ್ಗವಾಯಿತು. ಮನೆ ಹತ್ತಿರವಾಯಿತಲ್ಲ ಎಂದು ಮನೆಯವರು ಪೇಢಾ ತಂದರು. ನಾಚಿಕೆಯಿಂದ ಸಾಯಬೇಕೆನಿಸಿತು.

ಭಾಲ್ಕಿಯ ಪಂದ್ಯ ಅವನಿಲ್ಲದೆ ನಡೆಯಿತು. ವರ್ಷವೂ ದಾಟಿತು. ಒಂದು ದಿನ ಅವನು ನೌಬಾದಕ್ಕೆ ಬಂದ. ನೀರನ್ನೂ ಮುಟ್ಟಲಿಲ್ಲ. ಕೇರಿಯವರೆಲ್ಲ ತಪ್ಪೊಪ್ಪಿಕೊಂಡಾಗಿದೆ, ಇನ್ನು ಕಬಡ್ಡಿ ಆಡುವುದಿಲ್ಲ ಎಂದು ತಾನೂ ಮಾತು ಕೊಟ್ಟಾಗಿದೆ ಎಂದ. ಉಳಿದದ್ದು ಒಂದೇ.

“ರಟ್ಟಿನ ಮ್ಯಾಲ ಬರದ ಅಕ್ಷರ ನಿಮ್ಮವ್ರಿ. ನೀವೂ ಬಂದು ತಪ್ಪಾತು ಅಂದ್ರ ಗಿರಣಿ ತೆರಿತಾರಂತ.”

ನನ್ನ ಸಿಟ್ಟು ಆಗ ಎಲ್ಲಿ ಹೋಗಿತ್ತೋ! ಅವನ ಜೊತೆ ಬಸ್ಸು ಹತ್ತಿದೆ. ಗೌಡರ ಪಡಸಾಲೆಯಲ್ಲಿ ಕೈಮುಗಿದು, ತಪ್ಪಾಯಿತು ಎಂದೆ. ಅವರು ದೊಡ್ಡ ಮನಸ್ಸಿನಿಂದ, ಇರ್ಲಿ ಬಿಡ್ರಿ, ಕೂಡ್ರಿ ಎಂದು ಕುರ್ಚಿ ಹಾಕಿಸಿದರು. ಒಳಗಿನಿಂದ ಚಹಾ ಬಂತು, ನನಗೊಬ್ಬಳಿಗೆ. ಅವನು ಅಂಗಳದ ಬಿಸಿಲಲ್ಲಿ ನಿಂತು ನನ್ನ ಕೈಯನ್ನೇ ನೋಡುತ್ತಿದ್ದ, ನಾನು ಎಲ್ಲಿ ಬೇಡವೆಂದುಬಿಡುತ್ತೇನೋ ಎಂದು. ನಾನು ಕುಡಿದೆ.