ತ್ರಿವಿಕ್ರಮನಿಗೆ ಸಾಲದ ಪುಟ

ಗಣಕಯಂತ್ರದ ಪರದೆಯ ಮೇಲೆ ವಾಮನನು ತ್ರಿವಿಕ್ರಮನಾಗಿ ಬೆಳೆದ. ಪುಟದ ಅಂಚಿಗೆ ಕುತ್ತಿಗೆ ಮುಗಿದು, ತಲೆಯೇ ಕಾಣಲಿಲ್ಲ. ಮರುದಿನ ಪಾಠಶಾಲೆಯ ಮಕ್ಕಳಿಗೆ ತೋರಿಸಬೇಕೆಂದು ನಾನೇ ತಿಂಗಳುಗಟ್ಟಲೆ ಕುಳಿತು ರಚಿಸಿದ ಅನಿಮೇಷನ್ ಚಿತ್ರವದು. ಸವಣೂರಿನಲ್ಲಿ ನನಗೆ ಈ ವಿದ್ಯೆ ಕಲಿಸುವ ಗುರು ಶಬಾನಾ, "ದೇವರನ್ನ ಒಂಚೂರು ಸಣ್ಣ ಮಾಡ್ರಿ, ಆಚಾರ್ರ" ಎಂದಳು. ಬ್ರಹ್ಮಾಂಡವನ್ನೇ ಅಳೆದವನನ್ನು ಕುಗ್ಗಿಸಲು ನನ್ನ ಕೈ ಏಳಲಿಲ್ಲ. ತಲೆಯಿಲ್ಲದ ದೇವರನ್ನು ಮಕ್ಕಳಿಗೆ ತೋರಿಸುವಂತೆಯೂ ಇರಲಿಲ್ಲ.

ಆಕೆ ನಕ್ಕು, ಕಂಟ್ರೋಲ್ ಮತ್ತು ಜೆ ಕೀಲಿಗಳನ್ನು ಒಟ್ಟಿಗೆ ಒತ್ತಿ, ತೆರೆದ ಅಳತೆಯ ಚೌಕಟ್ಟಿನಲ್ಲಿ ಚಿತ್ರ ಮೂಡುವ ಪುಟದ ಎತ್ತರವನ್ನು ಇಮ್ಮಡಿಗೊಳಿಸಿದಳು. ಕಿರೀಟಸಮೇತ ಶಿರಸ್ಸು ಪ್ರತ್ಯಕ್ಷವಾಯಿತು.

"ದೇವರು ದೊಡ್ಡಾಂವ ಇದ್ದದ್ದು ತಪ್ಪಲ್ರೀ, ನೀವು ಕೊಟ್ಟ ಜಾಗಾನ ಸಣ್ಣದಿತ್ತು."

ಅಂದಿನಿಂದ ಧ್ಯಾನಕ್ಕೆ ಕುಳಿತಾಗ ಭಗವಂತನು ಮನಸ್ಸಿನಲ್ಲಿ ಹಿಡಿಯದೆ ಹೋದರೆ, ನನ್ನೆರಡು ಬೆರಳುಗಳು ತಾವಾಗಿಯೇ ಕುಳಿತ ಮಣೆಯ ಮೇಲೆ ಕಂಟ್ರೋಲ್-ಜೆ ಒತ್ತುತ್ತವೆ.