ಮೂರನೆಯ ಹಾಡಿನ ಸೀಟಿ

ಅವನನ್ನು ಬೀದಿಯವರೆಲ್ಲ ಕಿವಿ ಡಾಕ್ಟ್ರು ಎನ್ನುತ್ತಾರೆ. ಡಾಕ್ಟರೂ ಅಲ್ಲ, ಕಾಂಪೌಂಡರೂ ಅಲ್ಲ. ಕಿವಿ ಕೇಳದವರು ಹಾಕಿಕೊಳ್ಳುವ ಮಷೀನು ರಿಪೇರಿ ಮಾಡುವವನು. ಆ ಮಷೀನು ಕಿವಿಯಲ್ಲಿ ಸರಿಯಾಗಿ ಕೂರದಿದ್ದರೆ ಸಣ್ಣಗೆ ಸೀಟಿ ಹೊಡೆಯುತ್ತದೆ. ಬಂದವರು ಬಾಗಿಲಲ್ಲಿರುವಾಗಲೇ, ಸೀಟಿ ಎಡಗಿವಿಯದೋ ಬಲಗಿವಿಯದೋ ಎಂದು ಹೇಳಿಬಿಡುತ್ತಿದ್ದ. ಅದರ ಬಗ್ಗೆ ಜಂಬವೂ ಇತ್ತು.

ಅವನ ತಂಗಿ ನಮ್ಮ ರಾಕ್ ಬ್ಯಾಂಡಿನಲ್ಲಿ ಹಾಡುತ್ತಿದ್ದಳು, ನಾನು ಡ್ರಮ್ ಬಾರಿಸುತ್ತಿದ್ದೆ. ಯಾವ ಕಂಪನಿಯ ಹಂಗೂ ಇಲ್ಲದೆ, ಅವನ ಅಂಗಡಿಯ ಹಿಂದಿನ ಕೋಣೆಯಲ್ಲೇ ಒಂದು ಆಲ್ಬಮ್ ಮಾಡಿದೆವು. ರೆಕಾರ್ಡ್ ಮಾಡಿದವನು ಅವನೇ. ಮರುವರ್ಷ ಶ್ವಾಸಕೋಶದ ಕಾಯಿಲೆಯಿಂದ ಅವಳು ತೀರಿಕೊಂಡಳು. ಗೊತ್ತಾಗುವ ಹೊತ್ತಿಗೆ ತಡವಾಗಿತ್ತು. ಉಳಿದದ್ದು ಫೋನಿಗಾಗಿ ಹಿಂಡಿ ಚಿಕ್ಕದು ಮಾಡಿದ ಹಾಡುಗಳು ಮಾತ್ರ. "ಇದ್ರಲ್ಲಿ ಅವಳ ದನಿ ಪೂರ್ತಿ ಇಲ್ಲ ಕಣೋ" ಎಂದು ಕೊರಗುತ್ತಿದ್ದ.

ಏಳು ವರ್ಷದ ಮೇಲೆ, ಮನೆ ಬದಲಿಸುವಾಗ, ನನಗೆ ಮೂಲದ ಡಿಸ್ಕ್ ಸಿಕ್ಕಿತು. ಒಂದು ಸದ್ದನ್ನೂ ಕತ್ತರಿಸದ ಲಾಸ್‌ಲೆಸ್ ಆಲ್ಬಮ್. ಊಟದ ಹೊತ್ತಿಗೆ ಅಂಗಡಿಗೆ ಒಯ್ದೆ. ಅವರಮ್ಮ ಒಳಮನೆಯಲ್ಲಿ ಬಟ್ಟೆ ಮಡಿಸುತ್ತಿದ್ದರು.

ಮೊದಲೆರಡು ಹಾಡು ಕೇಳಿ ಅವನ ಕಣ್ಣು ತುಂಬಿತು. ಅವಳು ಕೋಣೆಯಲ್ಲೇ ನಿಂತು ಹಾಡುತ್ತಿದ್ದಂತಿತ್ತು. ಮೂರನೆಯದರಲ್ಲಿ ಅವನು ಹುಬ್ಬು ಗಂಟಿಕ್ಕಿದ.

"ಯಾವ್ದೋ ಮಷೀನು ಸೀಟಿ ಹೊಡೀತಿದೆ."

ಮೇಜಿನ ಮೇಲಿದ್ದ ಒಂಬತ್ತು ಮಷೀನಿನ ಬ್ಯಾಟರಿಯನ್ನೂ ಕಿತ್ತ. ಹಾಡನ್ನು ಮತ್ತೆ ಹಾಕಿದ. ಸೀಟಿ ಅಲ್ಲೇ ಇತ್ತು, ಗಿಟಾರಿನ ಸದ್ದಿನ ಅಡಿಯಲ್ಲಿ. ಅವಳು ಸಾಲು ಮುಗಿಸಿ ಉಸಿರೆಳೆದುಕೊಳ್ಳುವಾಗ ಮಾತ್ರ ಬರುತ್ತಿತ್ತು.

ನನಗೆ ರೆಕಾರ್ಡಿಂಗಿನ ದಿನ ನೆನಪಾಯಿತು. ಇದೇ ಹಾಡಿಗೆ ಅವನು "ಮೈಕ್ ಸೀಟಿ ಹೊಡೀತಿದೆ" ಎಂದು ಮೂರು ಮೈಕ್ ಬದಲಿಸಿ, ಅವಳಿಂದ ಹನ್ನೊಂದು ಸಲ ಹಾಡಿಸಿದ್ದ. ಅವಳು ಗೋಡೆಗೆ ಒರಗಿ ನಗುತ್ತಾ, "ಮೈಕೇ ಇರ್ಬೇಕಣ್ಣ" ಎಂದಿದ್ದಳು. ಕೊನೆಗೆ ಬೇಸತ್ತು ಗಿಟಾರಿನ ಸದ್ದು ಏರಿಸಿ ಅದನ್ನು ಮುಚ್ಚಿದ್ದ. ಉಳಿದದ್ದನ್ನು ಚಿಕ್ಕ ಫೈಲು ನುಂಗಿತ್ತು.

ಅವನು ಹಾಡು ನಿಲ್ಲಿಸಿದ. "ಅಮ್ಮಂಗೆ ಇದು ಕೇಳಿಸೋದು ಬೇಡ" ಎಂದು ಪಿಸುಗುಟ್ಟಿದ. ಅಷ್ಟರಲ್ಲಿ ಅವರಮ್ಮ ಬಾಗಿಲಿಗೆ ಬಂದಿದ್ದರು, ಕೈಯಲ್ಲಿ ಅರ್ಧ ಮಡಿಸಿದ ಟವೆಲ್ಲು.

"ಯಾಕೋ ನಿಲ್ಸಿದೆ? ಅವಳ ಉಸಿರು ಹಾಗೇ ಇದೆಯಲ್ಲ. ನನ್ನ ಪಕ್ಕಾನೇ ಮಲಗ್ತಿದ್ಲು. ಆ ವರ್ಷವೆಲ್ಲ ಇದನ್ನ ಕೇಳ್ತಿದ್ದೆ."

"ಒಂದು ಮಾತು ಹೇಳ್ಬಾರ್ದಿತ್ತೇನಮ್ಮ?"

"ನಿನ್ನ ಕಿವಿಗೇ ಬೀಳ್ಲಿಲ್ಲ. ನಂಗೇ ಏನೋ ಭ್ರಮೆ ಅಂತ ಸುಮ್ನಾದೆ."

ಅಮ್ಮ ಸ್ಪೀಕರಿನ ಪಕ್ಕ ಕುಳಿತು "ಹಾಕು" ಎಂದರು. ಹಾಕಿದ. ಮೂವರೂ ಕೊನೆಯವರೆಗೆ ಕೇಳಿದೆವು.

ಈಗ ಅಂಗಡಿಗೆ ಬಂದವರ ಮಷೀನು ಸೀಟಿ ಹೊಡೆದರೆ ಅವನು ತಟ್ಟನೆ ಕೈ ಹಾಕುವುದಿಲ್ಲ. ಎದುರಿಗೆ ಕೂರಿಸಿಕೊಂಡು, "ಒಂದ್ಸಲ ಜೋರಾಗಿ ಉಸಿರೆಳ್ಕೊಳ್ಳಿ" ಎನ್ನುತ್ತಾನೆ.